ಹೆಣದ ಪಾತ್ರ

ಮೂಗಿನ ಹೊಳ್ಳೆಗೆ ಹತ್ತಿ ತುರುಕುತ್ತಿದ್ದ ಸಹದೇವನ್‌ನ ಬೆರಳುಗಳಿಂದ ಮೊಟ್ಟೆ ಸಾರಿನ ವಾಸನೆ ಬರುತ್ತಿತ್ತು. ಬೆಳಗಿನ ತಿಂಡಿ ಮುಗಿಸಿ ಅವನು ಕೈ ತೊಳೆದದ್ದನ್ನು ರಘೂತ್ತಮನ್ ನೋಡಿದ್ದ. ಬರೀ ನೀರಿನಲ್ಲಿ ತೊಳೆದಿದ್ದ. ಎಷ್ಟೋ ವರ್ಷಗಳಿಂದ ತನ್ನ ಮುಖಕ್ಕೆ ಬಣ್ಣ ಹಚ್ಚುತ್ತ ಬಂದವನಿಗೆ ಸೋಪು ಹಾಕಿ ತೊಳೆದುಕೊಂಡು ಬಾ ಎನ್ನಲು ನಾಲಿಗೆ ಏಳಲಿಲ್ಲ. ಹೇಳಿದರೆ, ಕೆಲಸ ಇಲ್ಲದೆ ಕೂತರೂ ಮುದುಕನ ಕೊಬ್ಬು ಇಳಿದಿಲ್ಲ ಎಂದು ಹೊರಗೆ ಹೋಗಿ ಆಡಿಕೊಳ್ಳುತ್ತಾನೆ. ಆಡಿಕೊಳ್ಳಲಿ ಎಂದು ಸುಮ್ಮನಿರುವ ವಯಸ್ಸು ಇದು, ಆದರೆ ಆ ಧೈರ್ಯ ಯಾಕೋ ಬರಲೇ ಇಲ್ಲ. ಅವನು ಕಣ್ಣು ಮುಚ್ಚಿ ಮುಖ ಒಡ್ಡಿಕೊಂಡು ಕೂತ.

"ಜಾಸ್ತಿ ಒಳಗೆ ಹೋಯ್ತಾ ಸಾರ್?"

"ಹೋದ್ರೆ ಹೋಗ್ಲಿ ಬಿಡಪ್ಪ. ಸತ್ತೋನಿಗೆ ಉಸಿರು ಯಾಕೆ?"

ಸಹದೇವನ್ ಅಗತ್ಯಕ್ಕಿಂತ ಜೋರಾಗಿ ನಕ್ಕ. ಆ ನಗು ಕೇಳಿದ್ದೇ ರಘೂತ್ತಮನ ಒಳಗೆ ಯಾವುದೋ ಹಳೆಯ ನಾಯಿ ಬಾಲ ಅಲ್ಲಾಡಿಸಿತು. ಜನ ನಗುವುದನ್ನು ಕೇಳಿಸಿಕೊಳ್ಳದೆ ತನಗೆ ಒಂದು ಹೊತ್ತೂ ಕಳೆಯುವುದಿಲ್ಲ ಎಂಬುದು ಅವನಿಗೆ ಗೊತ್ತು, ಗೊತ್ತಿದ್ದುದರಿಂದಲೇ ಅಸಹ್ಯ ಹೆಚ್ಚು. ನಿರ್ದೇಶಕ ಜೆರಿನ್ ಹೋದ ತಿಂಗಳು ಫೋನ್ ಮಾಡಿ, "ಸಾರ್, ಇಡೀ ಸಿನಿಮಾ ನಿಮ್ಮ ಸುತ್ತಲೇ ತಿರುಗೋದು" ಎಂದಿದ್ದ. ಆ ದಿನ ಹೆಂಡತಿಗೆ ಹೇಳುವ ಮೊದಲು ಕನ್ನಡಿ ಮುಂದೆ ನಿಂತು ಮೀಸೆ ಬಿಡಬೇಕೋ ಬೇಡವೋ ಎಂದು ಯೋಚಿಸಿದ್ದ. ಆಮೇಲೆ ಚಿತ್ರಕಥೆ ಬಂತು. ಮೊದಲನೆಯ ಪುಟದಲ್ಲೇ ಅವನು ಸತ್ತಿದ್ದ. ಅಲ್ಲಿಂದಾಚೆಗೆ ಮಕ್ಕಳು, ಸೊಸೆಯಂದಿರು, ಸಾಲಗಾರರು, ಪಾರ್ಟಿಯವರು ಎಲ್ಲರೂ ಹೆಣದ ಸುತ್ತ ತಿರುಗುತ್ತಿದ್ದರು. ಹುಡುಗ ಸುಳ್ಳೇನೂ ಹೇಳಿರಲಿಲ್ಲ. ಆಗಲ್ಲ ಎಂದು ಹೇಳಲು ಫೋನು ಕೈಗೆತ್ತಿಕೊಂಡವನು, ಬಹಳ ಚೆನ್ನಾಗಿದೆ ಜೆರಿನ್, ಧೈರ್ಯದ ಬರವಣಿಗೆ ಎಂದು ಹೇಳಿ ಇಟ್ಟಿದ್ದ.

ಒಟ್ಟಪಾಲದ ಹತ್ತಿರ, ಹೊಳೆಗೆ ಮುಖ ಮಾಡಿ ನಿಂತ ಈ ಮನೆಯಲ್ಲಿ ಯಾರೂ ವಾಸವಿಲ್ಲ. ಸಿನಿಮಾದವರಿಗೆ ಬಾಡಿಗೆಗೆ ಕೊಡುತ್ತಾರೆ. ಇದೇ ಮನೆಯಲ್ಲಿ ರಘೂತ್ತಮನ್ ಹಲವು ಸಲ ಮದುವೆಯಾಗಿದ್ದ, ಹೆಂಡತಿಯ ಪೊರಕೆಗೆ ಹೆದರಿ ಅಟ್ಟ ಹತ್ತಿದ್ದ, ಮಾವನ ಕೋಳಿ ಕದ್ದು ಬಾವಿಯಲ್ಲಿ ಅಡಗಿದ್ದ. ತಾನೇ ಬರೆದ ಮಾತನ್ನು ತಾನೇ ಆಡಿ, ಕೊನೆಕೊನೆಗೆ ತಾನೇ ಕ್ಯಾಮೆರಾದ ಹಿಂದೆಯೂ ನಿಂತು, ಪತ್ರಿಕೆಯವರ ಬಾಯಲ್ಲಿ ಸವ್ಯಸಾಚಿಯಾದ. ತಲಶೇರಿಯ ನಾಟಕ ತಂಡದಲ್ಲಿ ಬರೆಯುತ್ತಿದ್ದ ಕಾಲಕ್ಕೇ ಅವನು ಒಂದು ಗುಟ್ಟು ಕಂಡುಕೊಂಡಿದ್ದ: ತನ್ನ ಕುಳ್ಳು ದೇಹ, ವಾರೆ ಹಲ್ಲು, ಪುಕ್ಕಲುತನ ಇವನ್ನೆಲ್ಲ ಬೇರೆಯವರು ಆಡಿಕೊಳ್ಳುವ ಮೊದಲೇ ತಾನೇ ಆಡಿಕೊಂಡುಬಿಟ್ಟರೆ ಅವರ ಬಾಯಿ ಕಟ್ಟಿಹೋಗುತ್ತದೆ, ಮೇಲೆ ಚಪ್ಪಾಳೆಯೂ ಸಿಗುತ್ತದೆ. ತನ್ನದು ಸಾಲದೆ ಬಂದಾಗ ಅಕ್ಕಪಕ್ಕದವರದಕ್ಕೆ ಕೈ ಹಾಕಿದ. ಅದಕ್ಕೂ ಚಪ್ಪಾಳೆ ಬಂತು, ಇನ್ನೂ ಜೋರಾಗಿ. ಇವತ್ತು ಬೆಳಿಗ್ಗೆಯೂ ಚಹಾದಂಗಡಿಯಲ್ಲಿ ಕಾಲೇಜಿನ ಹುಡುಗರು ಕಾರು ನಿಲ್ಲಿಸಿ, "ಸಾರ್, ಒಂದೇ ಒಂದ್ಸಲ ಆ ಭೂಮಿ ವಾಲೋದು ಹೇಳಿ ಸಾರ್, ಪ್ಲೀಸ್" ಎಂದು ಮೊಬೈಲು ಹಿಡಿದಿದ್ದರು. ಅವನು ಕಣ್ಣು ವಾರೆ ಮಾಡಿ, ಗೋಡೆ ಹಿಡಿದವನಂತೆ ನಟಿಸಿ ಹೇಳಿದ್ದ: "ಸ್ವಲ್ಪ ನಿಲ್ಲೇ ಮಾರಾಯ್ತಿ, ಭೂಮಿ ಒಂದು ಕಡೆ ವಾಲ್ತಾ ಇದೆ!" ಹುಡುಗರು ಬಿದ್ದು ಬಿದ್ದು ನಕ್ಕರು. ಅವರು ಹುಟ್ಟುವ ಮೊದಲಿನ ಸಿನಿಮಾ ಅದು. ಆ ಮಾತು ಮನೆಗೆಲಸದವಳ ಪಾತ್ರ ಮಾಡಿದ್ದ ವಡಗರ ಸೌದಾಮಿನಿಯ ನಡಿಗೆಯನ್ನು ನೋಡಿ ಹೇಳುವ ಮಾತು. ಕೇರಳದಲ್ಲಿ ಸ್ವಲ್ಪ ದಪ್ಪಗಿರುವ ಹೆಣ್ಣುಮಗಳು ಯಾರೇ ಶಾಲೆಯ ಮೆಟ್ಟಿಲು ಹತ್ತಲಿ, ಬಸ್ಸು ಇಳಿಯಲಿ, ಹಿಂದಿನಿಂದ ಯಾವನಾದರೊಬ್ಬ ಆ ಮಾತನ್ನು ಎಸೆಯುತ್ತಾನೆ. ತಾನು ಸತ್ತ ಮೇಲೂ ಉಳಿಯುವುದು ಅದೊಂದೇ ವಾಕ್ಯ ಎಂದು ಅವನಿಗೆ ಆಗಾಗ ಅನ್ನಿಸುತ್ತದೆ.

"ಮಾಷೆ ಇಲ್ಲಿದಾರಾ?" ಎಂಬ ದನಿ ಬಾಗಿಲಲ್ಲಿ ಕೇಳಿದಾಗ ರಘೂತ್ತಮನ ಗಲ್ಲಕ್ಕೆ ಬಿಳಿ ಬಟ್ಟೆ ಕಟ್ಟಿ ಆಗಿತ್ತು. ಅವನನ್ನು ಮೇಷ್ಟ್ರೇ ಎನ್ನುವ ಹಾಗೆ ಮಾಷೆ ಎಂದು ಕರೆಯುವ ಆ ದನಿ ಮಾತ್ರ ಮುಪ್ಪಾಗಿರಲಿಲ್ಲ. ಸೌದಾಮಿನಿ ಬಾಗಿಲ ದಾರಂದ ಹಿಡಿದು ಒಂದೊಂದೇ ಕಾಲೆತ್ತಿ ಒಳಗೆ ಬಂದಳು. ತಲೆ ಪೂರ್ತಿ ಬೆಳ್ಳಗಾಗಿತ್ತು, ಅಂಚು ಇಲ್ಲದ ಬಿಳಿ ಸೀರೆ ಉಟ್ಟಿದ್ದಳು. ಈ ಸಿನಿಮಾದಲ್ಲಿ ಸತ್ತವನ ಹೆಂಡತಿ ಅವಳೇ. ಅದು ಅವನಿಗೆ ಮೊದಲೇ ಗೊತ್ತಿತ್ತು. ಗೊತ್ತಾದ ದಿನದಿಂದ ಅವಳು ಎದುರಿಗೆ ಸಿಕ್ಕರೆ ಏನು ಹೇಳಬಹುದು, ತಾನು ಏನು ಹೇಳಬೇಕು ಎಂದು ಮನಸ್ಸಿನಲ್ಲೇ ಸಂಭಾಷಣೆ ಬರೆದು ಬರೆದು ಹೊಡೆದುಹಾಕಿದ್ದ. ಅವಳು ಅವನ ಕಟ್ಟಿದ ಗಲ್ಲ, ಹತ್ತಿ ತುಂಬಿದ ಮೂಗು ನೋಡಿ ಬಾಯಿ ತುಂಬ ನಕ್ಕಳು.

"ಅಂತೂ ನಾನು ನಿಮ್ಮ ಹೆಂಡ್ತಿ ಆಗ್ಬೇಕಾದ್ರೆ ನೀವು ಸಾಯ್ಬೇಕಾಯ್ತು ನೋಡಿ ಮಾಷೆ."

ಸಹದೇವನ್ ತಿರುಗಿ ನಿಂತು ನಗು ನುಂಗಿಕೊಂಡ. ರಘೂತ್ತಮನ್ ಕಟ್ಟಿದ ಬಾಯಲ್ಲೇ ಏನೋ ಗೊಣಗಿದ. ಅವಳು ಕುರ್ಚಿ ಎಳೆದುಕೊಂಡು ಕೂತು ಮಂಡಿ ನೀವಿಕೊಳ್ಳುತ್ತ ಬೇರೆಯದೇ ಮಾತೆತ್ತಿದಳು. ಮಂಡಿಗೆ ಕೋಟ್ಟಕ್ಕಲ್‌ನ ಆಯುರ್ವೇದದ ಎಣ್ಣೆ ಹಚ್ಚಿದರೆ ವಾಸನೆಗೆ ಮೊಮ್ಮಗಳು ಹತ್ತಿರ ಮಲಗುವುದಿಲ್ಲವಂತೆ. ವಡಗರದಲ್ಲಿ ಈಗ ಒಳ್ಳೆಯ ಮೀನೇ ಸಿಗುವುದಿಲ್ಲವಂತೆ. ಬೆಳಿಗ್ಗೆ ರೈಲಿನಲ್ಲಿ ಸೀಟು ಬಿಟ್ಟುಕೊಟ್ಟ ಹುಡುಗ ಅವಳನ್ನು ಗುರುತು ಹಿಡಿದನಂತೆ. ಹೇಗೆ ಗುರುತು ಹಿಡಿದ ಎಂದು ಅವಳು ಹೇಳಲಿಲ್ಲ. ಅವನು ಕೇಳಲಿಲ್ಲ. ಬಯ್ದಿದ್ದರೆ ವಾಸಿಯಿತ್ತು. ಅವಳು ಬಯ್ಯಬಹುದೆಂದು ಸಿದ್ಧಮಾಡಿಕೊಂಡು ಬಂದಿದ್ದ ತಗ್ಗಿದ ಮುಖ ಉಪಯೋಗಕ್ಕೆ ಬಾರದೆ ಹಾಗೇ ಉಳಿದುಹೋಯಿತು.

ಎಷ್ಟೋ ವರ್ಷಗಳ ಹಿಂದೆ ನೇಕಾರನ ಹೆಂಡತಿಯೊಬ್ಬಳ ಕಥೆ ಬರೆದು ತಾನೇ ನಿರ್ದೇಶಿಸಲು ಹೊರಟಾಗ ಅವನು ಬರೆದದ್ದು ಇವಳಿಗಾಗಿ. ಕೋಝಿಕ್ಕೋಡಿನ ವಸತಿಗೃಹವೊಂದರ ಮಹಡಿಯಲ್ಲಿ ಕೂರಿಸಿಕೊಂಡು ಚಿತ್ರಕಥೆಯನ್ನು ಪೂರ್ತಿ ಓದಿ ಹೇಳಿದ್ದ. ಭೂಮಿ ವಾಲುವ ಸಿನಿಮಾ ಆಗ ಇನ್ನೂ ಓಡುತ್ತಿತ್ತು. ಓದು ಮುಗಿದ ಮೇಲೆ ಅವಳು, "ಮಾಷೆ, ಇದಕ್ಕಾಗಿ ಆ ಮಾತನ್ನೆಲ್ಲ ತಡ್ಕೊಂಡಿದ್ದು ಸಾರ್ಥಕ ಆಯ್ತು" ಎಂದಿದ್ದಳು. ಹದಿನೈದು ದಿನ ಕಳೆಯಲಿಲ್ಲ, ದುಡ್ಡು ಹಾಕುವವನು, ಕತ್ತಲಲ್ಲಿ ಕೂತು ಯಾರ್ರೀ ಈ ಮುಖ ನೋಡ್ತಾರೆ ಎಂದ. ರಘೂತ್ತಮನ್ ವಾದಿಸಿದ, ಆದರೆ ಎಷ್ಟು ವಾದಿಸಿದರೆ ಸೋಲಬಹುದೋ ಅಷ್ಟೇ ವಾದಿಸಿದ. ಮುಂಬಯಿಯಿಂದ ಬಿಳೀ ಹುಡುಗಿ ಬಂದಳು. ಮಲಯಾಳದ ಒಂದಕ್ಷರ ಬಾರದು. ಸೌದಾಮಿನಿಗೆ ವಿಷಯ ತಿಳಿಸಲು ಅವನು ತಾನು ಹೋಗದೆ ಪ್ರೊಡಕ್ಷನ್ ಮ್ಯಾನೇಜರನನ್ನು ಕಳಿಸಿದ. ಅವಳು ಜಗಳಕ್ಕೆ ಬರಲಿಲ್ಲ. ಕೊನೆಗೆ ಆ ಹುಡುಗಿಗೆ ದನಿ ಕೊಡಲು ಯಾರೂ ಸರಿಹೊಂದದೆ ಇದ್ದಾಗ ಅವಳನ್ನೇ ಮದರಾಸಿಗೆ ಕರೆಸಿದರು. ಧ್ವನಿಮುದ್ರಣದ ಕೋಣೆಯ ಗಾಜಿನ ಆಚೆ ಅವಳು, ಈಚೆ ಅವನು. ಪರದೆಯ ಮೇಲೆ ಗಂಡನ ಹೆಣದ ಮುಂದೆ ಬಿಳೀ ಹುಡುಗಿ ತುಟಿ ಅಲ್ಲಾಡಿಸುತ್ತಿದ್ದಳು. ಸೌದಾಮಿನಿಯ ಗಂಟಲಿಂದ ಹೊರಟದ್ದನ್ನು ಕೇಳಿ ಒಳಗಿದ್ದವರೆಲ್ಲ ಕೈಕಟ್ಟಿ ನಿಂತರು. ಅವನು ಮೈಕಿನಲ್ಲಿ ಹೇಳಿದ: "ಸೌದಾಮಿನಿ, ಆ ಮುಖದಲ್ಲಿ ಅಷ್ಟು ದುಃಖ ಇಲ್ಲಮ್ಮ. ಸ್ವಲ್ಪ ಕಡಿಮೆ ಮಾಡು." ಅವಳು ಕಡಿಮೆ ಮಾಡಿದಳು. ಇನ್ನೂ ಸ್ವಲ್ಪ ಎಂದ. ಅವಳು ಇನ್ನೂ ಕಡಿಮೆ ಮಾಡಿದಳು. ಆ ಮುಖಕ್ಕೆ ಹಿಡಿಸುವಷ್ಟೇ ದುಃಖ ಉಳಿದಾಗ ಸರಿಯಾಯಿತು ಎಂದ. ಸಿನಿಮಾಕ್ಕೆ ರಾಜ್ಯ ಪ್ರಶಸ್ತಿ ಬಂತು, ಹುಡುಗಿಗೆ ಬಂತು, ಅವನಿಗೂ ಬಂತು. ವೇದಿಕೆಯ ಮೇಲೆ ದೀಪದವನಿಂದ ಹಿಡಿದು ಅಡುಗೆಯವನವರೆಗೆ ಎಲ್ಲರ ಹೆಸರು ಹೇಳಿ ಜನರನ್ನು ನಗಿಸಿದವನು ಒಂದು ಹೆಸರು ಮಾತ್ರ ಬಿಟ್ಟಿದ್ದ. ಮರೆತು ಬಿಟ್ಟದ್ದಲ್ಲ. ಹೇಳಿದರೆ ಪ್ರಶಸ್ತಿಯಲ್ಲಿ ಒಂದು ಪಾಲು ಹರಿದುಹೋಗುತ್ತದೆ ಎಂದು ಲೆಕ್ಕ ಹಾಕಿಯೇ ಬಿಟ್ಟದ್ದು.

"ಸಾರ್, ರೆಡಿನಾ?" ಎಂದು ಜೆರಿನ್ ಬಂದ. ಚಡ್ಡಿ ಹಾಕಿಕೊಂಡಿದ್ದ, ಕಾಲಲ್ಲಿ ರಬ್ಬರು ಚಪ್ಪಲಿ. ಚಾವಡಿಯಲ್ಲಿ ಉದ್ದನೆಯ ಬಾಳೆ ಎಲೆ ಹಾಸಿ, ತಲೆಯ ಕಡೆ ದೀಪ ಹಚ್ಚಿ, ಒಡೆದ ತೆಂಗಿನಕಾಯಿ ಹೋಳುಗಳಲ್ಲಿ ಬತ್ತಿ ಉರಿಸಿದ್ದರು. ರಘೂತ್ತಮನ್ ಮಲಗಿದ. ಯಾರೋ ಕಾಲಿನ ಹೆಬ್ಬೆರಳು ಎರಡನ್ನೂ ಸೇರಿಸಿ ದಾರ ಕಟ್ಟಿದರು. ಎಲೆಯ ತಣ್ಣನೆಯ ತೇವ ಬೆನ್ನಿಗೆ ಅಂಟಿತು. ಕೊಬ್ಬರಿ ಎಣ್ಣೆಯ ಹೊಗೆ, ಸುಡುವ ದೀಪಗಳ ಕೆಳಗೆ ಬೆವರುವ ಮೈಗಳ ವಾಸನೆ, ಮೂಗು ಕಟ್ಟಿದ್ದರೂ ಬಾಯಿಯಿಂದ ಒಳಗಿಳಿಯುತ್ತಿದ್ದವು. ಸುತ್ತ ಕೂರಲು ಅಕ್ಕಪಕ್ಕದ ಊರಿನ ಹೆಂಗಸರನ್ನು ದಿನಗೂಲಿಗೆ ಕರೆತಂದಿದ್ದರು. ಕಣ್ಣು ಮುಚ್ಚಿದವನಿಗೆ ಕಿವಿ ಕೇಳುವುದಿಲ್ಲ ಎಂದೇ ಅವರು ತಿಳಿದಂತಿತ್ತು.

"ಇವ್ರು ಹೋದ ವರ್ಷವೇ ತೀರ್ಕೊಂಡ್ರಲ್ವಾ? ನಾನು ಟೀವೀಲಿ ನೋಡ್ದೆ."

"ಅದು ಬೇರೆಯವ್ರು ಕಣೇ. ಇವ್ರು ಇದಾರೆ."

"ಹೌದಾ? ನಾನು ಅವತ್ತು ಅಯ್ಯೋ ಅಂದೆ."

"ಅಂದಿದ್ದು ಇರ್ಲಿ ಬಿಡು, ಮುಂದಕ್ಕೆ ಆಗುತ್ತೆ."

ಮೊದಲನೆಯ ಟೇಕಿನಲ್ಲಿ ಹೊಟ್ಟೆ ಏರಿಳಿಯಿತೆಂದು ಜೆರಿನ್ ಕಟ್ ಹೇಳಿದ. ಎರಡನೆಯದರಲ್ಲಿ ಸೌದಾಮಿನಿ ಎದೆ ಬಡಿದುಕೊಂಡು ಅವನ ಮೇಲೆ ಬಿದ್ದು ಗೋಳಾಡಿದಳು. ಐವತ್ತು ಸಿನಿಮಾಗಳಲ್ಲಿ ಐವತ್ತು ಹೆಣಗಳ ಮುಂದೆ ಅತ್ತ ಅದೇ ಅಳು. ಜೆರಿನ್ ಬಂದು ಅವಳ ಪಕ್ಕ ಕುಕ್ಕರುಗಾಲಲ್ಲಿ ಕೂತು, ಅಕ್ಕ ಎಂದು ಕರೆಯುವ ಸಲಿಗೆಯಲ್ಲಿ, "ಚೇಚಿ, ಇದು ನಾಟಕ ಆಯ್ತು. ನಂಗೆ ಈ ಅಳು ಬೇಡ" ಎಂದ. ಅವಳು, "ಬೇಡ ಅಂದ್ರೆ ಬೇಡ. ಯಾವುದು ಬೇಕು ಹೇಳು ಮಗಾ" ಎಂದಳು. ಅದು ಅವನಿಗೂ ಗೊತ್ತಿರಲಿಲ್ಲ. ಹುಡುಗ ತಡವರಿಸುತ್ತಿದ್ದುದನ್ನು ಕೇಳಿ ರಘೂತ್ತಮನಿಗೆ ತಡೆಯಲಾಗಲಿಲ್ಲ. ಅಳದೇ ಇರುವ ಹೆಂಡತಿ, ದುಃಖವನ್ನು ಕೈಕೆಲಸಕ್ಕೆ ಹಚ್ಚುವುದು, ಇವೆಲ್ಲ ತನಗಿಂತ ಚೆನ್ನಾಗಿ ಇಲ್ಲಿ ಯಾರಿಗೆ ಗೊತ್ತು? ಮಲಗಿದಲ್ಲಿಂದಲೇ ತಲೆಯೆತ್ತಿ, ಕಟ್ಟಿದ ಗಲ್ಲದಲ್ಲಿ ತೊದಲಿದ: "ಜೆರಿನ್, ನಾನು ಹೇಳ್ತೀನಿ ಕೇಳು. ಅವಳು ಅಳಬಾರದು. ಅವಳು ಬಂದು..."

"ಸಾರ್," ಎಂದು ಜೆರಿನ್ ಬಹಳ ಮರ್ಯಾದೆಯಿಂದ ಹೇಳಿದ, "ನೀವು ಸತ್ತಿದ್ರೆ ಸಾಕು ಸಾರ್."

ದೀಪದವರ ಕಡೆಯಿಂದ ಕಿಸಕ್ಕೆಂದು ನಗೆ. ರಘೂತ್ತಮನೂ ನಕ್ಕ. ನಗದಿದ್ದರೆ ಅವಮಾನವಾಯಿತೆಂದು ಗೊತ್ತಾಗಿಬಿಡುತ್ತಿತ್ತು. ತಲೆ ಕೆಳಗಿಟ್ಟು ಕಣ್ಣು ಮುಚ್ಚಿದಾಗ ಬಾಯಿ ತುಂಬ ಕಹಿ ಎಂಜಲು ಬಂತು. ಹೆಣ ಎಂಜಲು ನುಂಗಿದರೆ ಗಂಟಲು ಆಡುತ್ತದೆ, ಉಗುಳುವಂತಿಲ್ಲ. ಹಾಗೇ ಇಟ್ಟುಕೊಂಡ. ಜೆರಿನ್ ಸೌದಾಮಿನಿಗೆ, "ಮಾತು ಬರೆದಿದ್ದು ಬಿಟ್ಬಿಡಿ ಚೇಚಿ. ನಿಮಗೆ ಏನು ತೋಚುತ್ತೋ ಅದನ್ನ ಮಾಡಿ. ನಾನು ನಡುವೆ ಕಟ್ ಹೇಳಲ್ಲ" ಎಂದ. ಅವಳು ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಆಮೇಲೆ, "ಆಗ್ಲಿ" ಎಂದಳು.

ಅವಳು ಬಂದು ಕೂತಳು; ಮಂಡಿ ಲಟಕ್ಕೆಂದದ್ದು ಅವನ ಕಿವಿಯ ಪಕ್ಕದಲ್ಲೇ ಕೇಳಿಸಿತು. ಮೈಮೇಲೆ ಬೀಳಲಿಲ್ಲ. ಎದೆ ಮೇಲಿನ ಹೊಸ ಬಟ್ಟೆ ಒಂದು ಕಡೆ ಜಾರಿದ್ದನ್ನು ಎಳೆದು ಸರಿಮಾಡಿದಳು. ಹಣೆಯ ಭಸ್ಮದ ಪುಡಿ ರೆಪ್ಪೆಗೆ ಉದುರಿದ್ದನ್ನು ಬೆರಳ ತುದಿಯಿಂದ ಒರೆಸಿದಳು. ಆಮೇಲೆ, ಊಟವಾದ ಮೇಲೆ ಎಲೆ ಎತ್ತುತ್ತ ಮಾತಾಡುವವರ ದನಿಯಲ್ಲಿ ಮಾತಾಡತೊಡಗಿದಳು.

"ಹೋಗೋ ಮುಂಚೆ ಒಂದು ಮಾತು ಹೇಳಿ ಹೋಗಬಹುದಿತ್ತು. ಇರ್ಲಿ. ನೀವು ಯಾವತ್ತೂ ಬಂದು ಹೇಳಿದವ್ರಲ್ಲ, ಹೇಳಿ ಕಳಿಸಿದವ್ರು." ಬಟ್ಟೆಯ ಮಡಿಕೆ ನೀವುತ್ತ, "ನಾಲ್ಕು ಜನ ಸೇರಿದಾಗ ನನ್ನ ನಡಿಗೆ ತೋರ್ಸಿ ನಗಿಸ್ತಿದ್ರಿ. ನಾನೂ ನಗ್ತಿದ್ದೆ. ಒಂದಿನ ಮನೇಲಿ ಯಾರೂ ಇಲ್ದಾಗ ಅಡುಗೆಮನೆಯಿಂದ ಹಿತ್ತಲ ತನಕ ನಡೆದು ನೋಡ್ದೆ, ನಗೋಂಥದ್ದು ಏನಿದೆ ಅಂತ. ಏನೂ ಕಾಣ್ಲಿಲ್ಲ. ಹಿತ್ತಲಲ್ಲಿ ಬಟ್ಟೆ ಒಣಗಿತ್ತು, ತಗೊಂಡು ಬಂದೆ." ದಿನಗೂಲಿಯ ಹೆಂಗಸರಲ್ಲಿ ಯಾರೋ ಒಬ್ಬಳು ನಿಜವಾಗಿಯೇ ಬಿಕ್ಕಿದಳು. "ಈಗ ನಾನು ಅಳ್ಬೇಕು ಅಂತ ಎಲ್ರೂ ಕಾಯ್ತಿದಾರೆ. ಎಷ್ಟು ಅಳ್ಲಿ, ಹೇಳಿ. ನೀವು ಹೇಳಿದಷ್ಟೇ ಅತ್ತು ಅಭ್ಯಾಸ ನಂಗೆ."

ಚಾವಡಿಯಲ್ಲಿ ಬತ್ತಿ ಚಟಪಟ ಎನ್ನುವುದು ಬಿಟ್ಟರೆ ಬೇರೆ ಸದ್ದಿರಲಿಲ್ಲ. ಇಂಥ ಮೌನವನ್ನು ಅವನು ತನ್ನ ಇಡೀ ಜೀವಮಾನದಲ್ಲಿ ಒಂದೆರಡು ಸಲ ಕೇಳಿದ್ದನೇನೋ. ಅದು ಬಂದರೆ ಕೆಲಸ ಕೈಗೂಡಿತೆಂದು ಅರ್ಥ. ಇವಳು ಅದನ್ನು ತಂದಿದ್ದಳು, ಈ ವಯಸ್ಸಿನಲ್ಲಿ, ಈ ಕಾಲಿನಲ್ಲಿ, ಎಲ್ಲರ ಎದುರಿಗೆ. ಅದು ಪಾತ್ರದ ಮಾತಲ್ಲ ಎಂದು ಇಲ್ಲಿ ಅವನೊಬ್ಬನಿಗೇ ಗೊತ್ತು. ಎದೆಯೊಳಗೆ ಏನೋ ಕಿತ್ತುಕೊಂಡು ಬಂತು, ನಾಚಿಕೆಯೋ, ಪಶ್ಚಾತ್ತಾಪವೋ, ಹೆಸರಿಡಲು ಹೊರಟಾಗಲೇ ಅದರ ಬೆನ್ನ ಹಿಂದೆ ಇನ್ನೊಂದು ಎದ್ದು ನಿಂತದ್ದು ಅವನಿಗೆ ತಿಳಿಯಿತು. ಕ್ಯಾಮೆರಾ ತನ್ನ ಎಡಕ್ಕಿದೆ. ಅವಳ ಮುಖದ ಜೊತೆಗೆ ತನ್ನ ಮುಖದ ಎಡಭಾಗವೂ ಚೌಕಟ್ಟಿನಲ್ಲಿದೆ. ಗ್ಲಿಸರಿನ್ ಇಲ್ಲದೆ ಬೇಕಾದ ಕಣ್ಣಲ್ಲಿ, ಬೇಕಾದ ಹೊತ್ತಿಗೆ ನೀರು ತರಿಸುವ ವಿದ್ಯೆ ಅವನಿಗೆ ಸಿದ್ಧಿಸಿತ್ತು. ಹೊಸಬರ ಮುಂದೆ ಪಂದ್ಯ ಕಟ್ಟಿ ಮಾಡಿ ತೋರಿಸುತ್ತಿದ್ದ. ಬೇಡ, ಎಂದುಕೊಂಡ. ತಡೆಯಬಹುದಿತ್ತು. ತಡೆಯಬಹುದು ಎಂದು ಗೊತ್ತಿದ್ದ ಒಂದು ಕ್ಷಣ ಪೂರ್ತಿ ಅವನ ಕೈಯಲ್ಲಿತ್ತು. ಆಮೇಲೆ ಎಡಗಣ್ಣಿನ ಮೂಲೆಯಿಂದ ಒಂದು ಹನಿ ಹೊರಬಂದು, ಪೌಡರು ಹಚ್ಚಿದ ಸತ್ತ ಕೆನ್ನೆಯ ಮೇಲೆ ದಾರಿ ಮಾಡಿಕೊಂಡು, ಕಿವಿಯ ಕಡೆಗೆ ಇಳಿಯಿತು.

"ಅಯ್ಯೋ, ಹೆಣ ಅಳ್ತಾ ಇದೆ," ಎಂದು ದಿನಗೂಲಿಯ ಹೆಂಗಸೊಬ್ಬಳ ದನಿ.

ಯಾರೋ ನಕ್ಕರು, ಆಮೇಲೆ ಇನ್ನೊಬ್ಬರು, ಆಮೇಲೆ ಚಾವಡಿಗೆ ಚಾವಡಿಯೇ ನಕ್ಕಿತು; ಅಷ್ಟು ಹೊತ್ತು ಹಿಡಿದಿಟ್ಟ ಉಸಿರೆಲ್ಲ ನಗುವಾಗಿ ಹೊರಟಿತು. ಜೆರಿನ್ ಕಟ್ ಎಂದು ಕೂಗಿದ್ದು ಕೇಳಿಸಿತೋ ಇಲ್ಲವೋ. ರಘೂತ್ತಮನ್ ಕಣ್ಣು ಬಿಟ್ಟಾಗ ಸೌದಾಮಿನಿಯ ಮುಖ ಅವನ ಮುಖದ ಮೇಲೆಯೇ ಬಾಗಿತ್ತು. ಅವಳು ನಗುತ್ತಿರಲಿಲ್ಲ. ಹಳಸಿದೆಯೋ ಏನೋ ಎಂದು ಪಾತ್ರೆಯ ಮುಚ್ಚಳ ತೆಗೆದು ನೋಡುವವರ ಹಾಗೆ ಅವನನ್ನು ನೋಡಿ, ನೆಲಕ್ಕೆ ಕೈಯೂರಿ ಎದ್ದಳು. ಜೆರಿನ್ ಕೈಮುಗಿಯುತ್ತ ಓಡಿಬಂದ. "ಚೇಚಿ, ಇನ್ನೊಂದೇ ಒಂದು ಸಲ. ಹಂಗೇ. ಅದೇ ಮಾತು."

"ಅದು ಆಗಲ್ಲ ಮಗಾ," ಎಂದಳು. "ಏನು ಹೇಳ್ದೆ ಅಂತ ನಂಗೇ ನೆನಪಿಲ್ಲ."

ಎಷ್ಟು ಬೇಡಿದರೂ ಒಪ್ಪಲಿಲ್ಲ. ಕೊನೆಗೆ ಬೇರೆ ದಾರಿ ಕಾಣದೆ ಅವಳ ಎದೆ ಬಡಿದುಕೊಳ್ಳುವ ಅಳುವನ್ನೇ ಇನ್ನೊಮ್ಮೆ ತೆಗೆದರು. ಜೆರಿನ್ ಮುಖ ಸಪ್ಪಗೆ ಮಾಡಿಕೊಂಡು ಓಕೆ ಎಂದ. ಊಟಕ್ಕೆ ಬಿಟ್ಟರು.

ಹಿತ್ತಲಲ್ಲಿ ಹಲಸಿನ ಮರದ ಕೆಳಗೆ ಮೇಜು ಹಾಕಿದ್ದರು. ಕೆಂಪಕ್ಕಿ ಅನ್ನ, ಸಾಂಬಾರು, ಹುರಿದ ಬಂಗುಡೆ. ಮೂಗಿನ ಹತ್ತಿ ಕಿತ್ತು ಬಿಸಾಡಿ, ಹಣೆಯ ಭಸ್ಮ ಹಾಗೇ ಇದ್ದಂತೆ ರಘೂತ್ತಮನ್ ಅವಳ ಎದುರು ಬಂದು ಕೂತ. ಈಗಲಾದರೂ ಹೇಳಿಬಿಡಬೇಕು. ಏನನ್ನು? ಬಾಯಿ ತೆರೆದರೆ ಬರುವುದು ತಾನು ಬರೆದ ಯಾವುದೋ ಸಿನಿಮಾದ ಕೊನೆಯ ದೃಶ್ಯದ ಮಾತೇ ಆಗಿರುತ್ತದೆ ಎಂಬ ಹೆದರಿಕೆ.

"ಸೌದಾಮಿನಿ, ನನ್ನಿಂದಾಗಿ ನಿನ್ನ ಶಾಟು..."

"ಸಾಂಬಾರು ಹಾಕಿಸ್ಕೊಳ್ಳಿ, ಆರಿಹೋಗುತ್ತೆ."

"ನೀನು ಮಾತಾಡಿದ್ದು ಕೇಳಿ ನಂಗೆ ತಡೆಯೋಕಾಗ್ಲಿಲ್ಲ. ಸತ್ಯವಾಗಿ."

ಅವಳು ಬಂಗುಡೆಯ ಮುಳ್ಳನ್ನು ಒಂದೇ ಎಳೆತಕ್ಕೆ ಬಿಡಿಸಿ ಎಲೆಯ ಬದಿಗಿಟ್ಟಳು. ದನಿಯಲ್ಲಿ ಸಿಟ್ಟಿರಲಿಲ್ಲ, ಸಾರಿಗೆ ಉಪ್ಪು ಜಾಸ್ತಿಯಾಗಿದೆ ಎಂದು ಹೇಳುವ ಹಾಗೆ ಹೇಳಿದಳು.

"ತಡೆಯೋಕಾಗದ ಅಳು ಎರಡು ಕಣ್ಣಲ್ಲೂ ಬರುತ್ತೆ ಮಾಷೆ."

ಅವಳು ಉಳಿದ ಮೀನನ್ನೂ ನಿಧಾನವಾಗಿ ತಿಂದು ಮುಗಿಸಿದಳು, ಮಜ್ಜಿಗೆ ಹಾಕಿಸಿಕೊಂಡು ಕುಡಿದಳು, ಎಲೆ ಮಡಚಿ ಎದ್ದಳು. ಮೂರು ಗಂಟೆಯ ರೈಲಿಗೆ ಹೋಗಬೇಕು, ಮೊಮ್ಮಗಳಿಗೆ ಪಾಲಕ್ಕಾಡಿನ ಮುರುಕು ಚಕ್ಕುಲಿ ಬೇಕಂತೆ, ಅದು ಎಲ್ಲಿ ಒಳ್ಳೆಯದು ಸಿಗುತ್ತದೆ ಎಂದು ಅಡುಗೆಯವರನ್ನು ವಿಚಾರಿಸಿದಳು. ಆಟೋ ಹತ್ತುವಾಗ ಸಹದೇವನ್ ಅವಳ ತೋಳು ಹಿಡಿದುಕೊಂಡಿದ್ದ. ಅವಳು ತಿರುಗಿ ಎಲ್ಲರಿಗೂ ಕೈಯೆತ್ತಿದಳು, ಎಲ್ಲರಿಗೂ ಎಂದರೆ ಅವನಿಗೂ. ರಘೂತ್ತಮನಿಗೆ ವಾಕರಿಕೆ ಬರುವ ಹಾಗಾಯಿತು, ತನ್ನ ಮೇಲೇ. ಆದರೆ ವಾಕರಿಕೆ ಬರಲಿಲ್ಲ, ಹಸಿವಾಗಿತ್ತು; ಮುಂದಿದ್ದ ಅನ್ನವನ್ನು ಪೂರ್ತಿ ತಿಂದ, ಇನ್ನೊಂದು ಬಂಗುಡೆಯನ್ನೂ ಹಾಕಿಸಿಕೊಂಡ.

ಕೈ ತೊಳೆಯುತ್ತಿದ್ದಾಗ ಜೆರಿನ್ ಹುಡುಕಿಕೊಂಡು ಬಂದ. ಮುಖ ಅರಳಿತ್ತು. "ಸಾರ್, ಒಂದು ನಿಮಿಷ ಬನ್ನಿ, ಏನೋ ತೋರಿಸ್ಬೇಕು." ಚಾವಡಿಯ ಮೂಲೆಯಲ್ಲಿ ಕಪ್ಪು ಬಟ್ಟೆ ಮುಚ್ಚಿದ ಮಾನಿಟರಿನ ಮುಂದೆ ಕುರ್ಚಿ ಹಾಕಿ ಕೂರಿಸಿದ. ಕೆಟ್ಟುಹೋದ ಆ ಟೇಕು. ಸೌದಾಮಿನಿ ಬಂದು ಕೂತಳು, ಬಟ್ಟೆ ಸರಿಮಾಡಿದಳು, ಮಾತಾಡಿದಳು. ಅವಳ ಕೆನ್ನೆಯ ಪ್ರತಿಯೊಂದು ಗೆರೆಯೂ ಕಾಣುತ್ತಿತ್ತು, ಕಣ್ಣಲ್ಲಿ ನೀರಿರಲಿಲ್ಲ. ಇಂಥ ಮುಖವನ್ನು ಯಾರು ನೋಡುತ್ತಾರೆ ಎಂದಿದ್ದವನು ಸತ್ತು ಎಷ್ಟೋ ಕಾಲವಾಗಿತ್ತು. ಎಷ್ಟು ಅಳ್ಲಿ, ಹೇಳಿ, ಎಂದು ಅವಳು ಕೇಳಿದ ಬೆನ್ನಲ್ಲೇ ಕೆಳಗೆ ಹೆಣದ ಎಡಗಣ್ಣಿನಲ್ಲಿ ಏನೋ ಮಿನುಗಿತು. ಫೋಕಸ್ ನೋಡಿಕೊಳ್ಳುವವನು ಚುರುಕಾಗಿದ್ದ. ಅದನ್ನು ಕಂಡದ್ದೇ ಅತ್ತ ತಿರುಗಿಸಿಬಿಟ್ಟಿದ್ದ. ಸೌದಾಮಿನಿಯ ಮುಖ ಮಂಜಾಯಿತು, ಬಿಳೀ ಸೀರೆಯ ಒಂದು ಮಸುಕಾಗಿ ಹಿಂದಕ್ಕೆ ಸರಿಯಿತು. ಮುಂದೆ ಸ್ಪಷ್ಟವಾಗಿ, ಹರಳಿನ ಹಾಗೆ, ಒಂದು ಹನಿ.

"ನಗು ಶುರುವಾಗೋ ಮುಂಚೆ ಕತ್ತರಿಸಿದ್ರೆ ಆಯ್ತು ಸಾರ್. ಸತ್ತೋನು ಅಳ್ತಾನೆ ಅಂತ ಕಥೇನೇ ಬದಲಾಯಿಸ್ತೀನಿ. ಈ ಸಿನಿಮಾದಲ್ಲಿ ಜನ ನೆನಪಿಟ್ಕೊಳ್ಳೋದು ಇದೊಂದೇ ಶಾಟ್. ಪೋಸ್ಟರ್ ಕೂಡ ಇದೇ." ಆಮೇಲೆ ಸ್ವಲ್ಪ ಹಿಂಜರಿದು, "ಚೇಚಿ ಕಾಣಲ್ಲ ಅನ್ನೋದೊಂದು ಬಿಟ್ರೆ... ನೀವು ಬೇಡ ಅಂದ್ರೆ ನಾಳೆ ಅವ್ರನ್ನ ಕರೆಸಿ ಕಾಲು ಹಿಡಿದಾದ್ರೂ ಇನ್ನೊಂದ್ಸಲ ಮಾಡಿಸ್ತೀನಿ. ನೀವೇ ಹೇಳಿ ಸಾರ್. ಅನುಭವಸ್ಥರು ನೀವು."

ಇದನ್ನು ಇಟ್ಟರೆ ಅವಳ ಮಾತಾದರೂ ಉಳಿಯುತ್ತದೆ. ನಾಳೆ ಕರೆಸಿದರೂ ಆ ಮಾತು ಮತ್ತೆ ಬರುವುದಿಲ್ಲ. ಅವಳಿಗಾಗಿಯೇ ಇಡಬೇಕು. ಈ ವಾದ ಎಷ್ಟು ಸಲೀಸಾಗಿ, ಎಷ್ಟು ಒಪ್ಪವಾಗಿ ಬಂತೆಂದರೆ, ಇದು ತಾನು ಬರೆದದ್ದೇ ಎಂದು ರಘೂತ್ತಮನಿಗೆ ಆ ಕ್ಷಣವೇ ಗೊತ್ತಾಯಿತು. ಮೂರು ಗಂಟೆಯ ರೈಲು ಇನ್ನೂ ಬಂದಿರಲಿಕ್ಕಿಲ್ಲ. ಸ್ಟೇಷನ್ನಿಗೆ ಹೋದರೆ ಅವಳನ್ನು ನಿಲ್ಲಿಸಬಹುದು.

"ಇಡು," ಎಂದ.

ಜೆರಿನ್ ಅವನ ಎರಡೂ ಕೈ ಹಿಡಿದು ಅದುಮಿದ. ಮಾನಿಟರಿನಲ್ಲಿ ಚಿತ್ರ ಆ ಹನಿಯ ಮೇಲೆ ನಿಂತಿತ್ತು. ರಘೂತ್ತಮನ್ ಕನ್ನಡಕವನ್ನು ಉಟ್ಟಿದ್ದ ಮುಂಡು ಪಂಚೆಯ ತುದಿಯಿಂದ ಒರೆಸಿ ಹಾಕಿಕೊಂಡು ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡ.

"ಇನ್ನೊಂದ್ಸಲ ಹಾಕು ನೋಡೋಣ," ಎಂದ.

ಅವಳು ಬಂದು ಕೂತಳು, ಬಟ್ಟೆ ಸರಿಮಾಡಿದಳು. ಈ ಸಲ ಮೊದಲಿನಿಂದಲೂ ಅವನು ನೋಡುತ್ತಿದ್ದುದು ತನ್ನ ಮುಖವನ್ನೇ.